ರಟ್ಟಿನ ಕಪಾಟಿನ ಹಿಂದಿನ ಮಧ್ಯಾಹ್ನ

ಅಣ್ಣನ ತಲೆಗೂದಲು ಮತ್ತೆ ಕಪ್ಪಾಗತೊಡಗಿದಾಗ ನಾನು ಮಾಡಿದ ಮೊದಲ ಕೆಲಸವೆಂದರೆ ನಕ್ಕಿದ್ದು. ಐವತ್ತಾರರ ಗಂಡಸು. ಹೆಂಡತಿ ತೀರಿಕೊಂಡು ಆರು ವರ್ಷವಾಗಿದೆ, ಮನೆಯಲ್ಲಿ ಮಗ, ಸೊಸೆ, ಮೂರು ವರ್ಷದ ಮೊಮ್ಮಗಳು ಇದ್ದಾರೆ. ಅಂಥವನು ಗುಟ್ಟಾಗಿ ಬಣ್ಣ ಹಚ್ಚಿಕೊಳ್ಳುತ್ತಿದ್ದಾನೆ ಅಂದರೆ ತಂಗಿಯಾದವಳು ನಗದೆ ಇರುವುದು ಕಷ್ಟ. ಸಾಲದ್ದಕ್ಕೆ ಅಪ್ಪನ ಹಳೆಯ ಕೋಟು ಬೇರೆ ದಿನಾ ಹಾಕಿಕೊಳ್ಳುತ್ತಿದ್ದ.

“ಬಣ್ಣ ಹಚ್ತಿದ್ದೀಯಾ?” ಅಂತ ಕೇಳಿದೆ.

“ಇಲ್ಲ,” ಅಂದ.

“ಹಂಗಾದ್ರೆ ಯಾರಾದ್ರೂ ಸಿಕ್ಕಿದಾರಾ?”

“ಇಲ್ಲ ಕಣೇ,” ಅಂದ.

ಎರಡೂ ನಿಜವಾಗಿತ್ತು. ನಮ್ಮೂರಲ್ಲಿ ಕೇಳಿದ್ದಕ್ಕೆ ಉತ್ತರ ಕೊಡಲೇಬೇಕು, ಆದರೆ ಕೇಳದ್ದನ್ನು ಹೇಳಬೇಕೆಂಬ ಕಟ್ಟಳೆ ಇಲ್ಲ. ನಾನು ಕೇಳಬೇಕಾದ್ದನ್ನು ಕೇಳಲಿಲ್ಲ. ಇಪ್ಪತ್ತೆಂಟು ವರ್ಷ ಪ್ರಶ್ನೆಗಳ ನಡುವೆಯೇ ಕೂದಲು ನರೆಸಿಕೊಂಡವಳಿಗೆ ಅಷ್ಟು ಹೊಳೆಯಲಿಲ್ಲವಲ್ಲ ಅಂತ ಈಗಲೂ ನನ್ನ ಮೇಲೆ ನನಗೇ ಸಿಟ್ಟು.

ನಮ್ಮೂರಿನ ವಿಷಯ ತಿಳಿಯದವರಿಗೆ ಇಷ್ಟು ಹೇಳಿಬಿಡುತ್ತೇನೆ. ನಮ್ಮಲ್ಲಿ ಯಾರಾದರೂ ಒಂದು ಮಾತು ಕೇಳಿ ಅದಕ್ಕೆ ಉತ್ತರ ಸಿಗದೆ ಹೋದರೆ ಆ ಗಳಿಗೆ ಮುಂದಕ್ಕೆ ಹೋಗುವುದಿಲ್ಲ, ಕೇಳಿದ ಜಾಗದಲ್ಲೇ ನಿಂತುಬಿಡುತ್ತದೆ. ಸಣ್ಣಪುಟ್ಟ ಪ್ರಶ್ನೆಯಾದರೆ ಸಂಜೆಯೊಳಗೆ ತಾನಾಗಿ ಕರಗುತ್ತದೆ. ಚಾಕು ಎಲ್ಲಿ ಅಂತ ಯಾರೋ ಕೇಳಿ ಯಾರೂ ಓಗೊಡದ ಅಡುಗೆಮನೆಯಲ್ಲಿ ಅರ್ಧ ದಿನ ಆಗ ಸೀದ ಹಾಲಿನದೇ ವಾಸನೆ ಸುಳಿದಾಡುತ್ತದೆ, ಅಷ್ಟೆ. ಆದರೆ ಮನಸ್ಸಿನಾಳದಿಂದ ಕೇಳಿದ್ದಾದರೆ ಆ ಗಳಿಗೆ ಮೂಲೆಯಲ್ಲೋ ಬಾಗಿಲ ಸಂದಿಯಲ್ಲೋ ವರ್ಷಗಟ್ಟಲೆ ನಿಂತಿರುತ್ತದೆ. ತಂಟೆಗೆ ಹೋಗದಿದ್ದರೆ ಸುಮ್ಮನಿರುತ್ತದೆ. ಯಾರಾದರೂ ಒಳಗೆ ಕಾಲಿಟ್ಟರೋ, ಬೆಳೆಯತೊಡಗುತ್ತದೆ. ಅದರ ಅಂಚು ಮುಟ್ಟಿದ ಕಡೆಯೆಲ್ಲ, ಆ ಗಳಿಗೆಯ ಕಾಲಕ್ಕೆ ಇಲ್ಲದ್ದು ಇಲ್ಲವಾಗುತ್ತದೆ. ಆಮೇಲೆ ಕೂರಿಸಿದ ಬಾಗಿಲು, ಆಮೇಲೆ ನೆಟ್ಟ ಮರ, ಆಮೇಲೆ ಹುಟ್ಟಿದ ಮಗು. ಊರಿನ ತುದಿಯಲ್ಲಿ ಒಂದು ಹುಲ್ಲುಗಾವಲಿದೆ. ನನ್ನ ಅಜ್ಜಿ ಚಿಕ್ಕವಳಿದ್ದಾಗ ಅಲ್ಲಿ ಅರವತ್ತು ಬಟ್ಟೆ ಅಂಗಡಿಗಳಿದ್ದವಂತೆ. ಅಂಗಡಿಗಳಿಗೂ ಹಿಂದಿನ ಕಾಲದ ಒಬ್ಬ ಮದುಮಗಳು ಏನೋ ಕೇಳಿದ್ದಕ್ಕೆ ಮದುಮಗ ತಲೆ ಕೆರೆದುಕೊಂಡು ಸುಮ್ಮನಾದದ್ದರ ಫಲ ಅದು.

ಹಾಗಾಗಿ ನಮ್ಮೂರಿನವರು ಎಲ್ಲದಕ್ಕೂ ಉತ್ತರ ಕೊಡುತ್ತಾರೆ. ‘ನನ್ನ ಹಣೆಬರಹ ನೋಡಿದ್ಯಾ’ ಅಂತ ಒಬ್ಬರು ನಿಟ್ಟುಸಿರು ಬಿಟ್ಟರೆ ಪಕ್ಕದವರು ‘ನೋಡಿದೆ’ ಅನ್ನುತ್ತಾರೆ. ಗಂಡ ಹೆಂಡತಿ ಮುನಿಸಿಕೊಂಡರೂ ಬಾಯಿ ಬಿಟ್ಟೇ ಮುನಿಸಿಕೊಳ್ಳಬೇಕು. ಮಲಗುವ ಮುಂಚೆ ಮನೆಯ ಹಿರಿಯರು ‘ಏನಾದ್ರೂ ಬಾಕಿ ಇದೆಯಾ?’ ಅಂತ ಕೇಳಿ, ಎಲ್ಲರೂ ‘ಇಲ್ಲ’ ಅಂದ ಮೇಲೆಯೇ ದೀಪ ಆರಿಸುತ್ತಾರೆ. ಯಾರಾದರೂ ಸಾಯುವ ಹೊತ್ತಿಗೆ ನೆಂಟರೆಲ್ಲ ಮಂಚದ ಸುತ್ತ ಕೂತು, ಅವರು ಕೇಳಿ ಉಳಿದದ್ದನ್ನು ಹುಡುಕಿ ಹುಡುಕಿ ತೀರಿಸುತ್ತಾರೆ.

ಇಷ್ಟಾದರೂ ಉಳಿದುಬಿಡುವುದಕ್ಕೆ ಗಳಿಗೆ ಕಚೇರಿ ಇದೆ. ನಾನು ಅಲ್ಲಿ ಉತ್ತರದವಳು. ನಿಂತ ಗಳಿಗೆಯೊಳಗೆ ಹೋಗಿ, ಯಾರು ಏನು ಕೇಳಿದರೆಂದು ತಿಳಿದು, ಉತ್ತರ ಕೊಟ್ಟು, ಅದನ್ನು ಕಳಿಸಿ ಬರುವುದು ನನ್ನ ಕೆಲಸ. ಉತ್ತರ ಕೊಟ್ಟ ಮೇಲೆ ನೂರು ಎಣಿಸುವಷ್ಟು ಹೊತ್ತು ಸಿಗುತ್ತದೆ. ಅಷ್ಟರೊಳಗೆ ಹೊರಗೆ ಬರದಿದ್ದರೆ ಗಳಿಗೆಯ ಜೊತೆ ನಾವೂ ಹೋಗುತ್ತೇವೆ. ಹಳೆಯ ಗಳಿಗೆಗೆ ಅದಕ್ಕಿಂತ ಹಳೆಯ ಜನ ಮಾತ್ರ ಹೋಗಬಹುದಾದ್ದರಿಂದ ನಮ್ಮ ಕಚೇರಿಯಲ್ಲಿ ವಯಸ್ಸಾದವರಿಗೆ ಭಾರೀ ಬೇಡಿಕೆ. ಉಡುಪೂ ಹಳೆಯದೇ ಆಗಬೇಕು. ಹೊಸ ಅಂಗಿ ತೊಟ್ಟು ಒಳಗೆ ಹೋಗಿ, ಹೊರಗೆ ಬರುವಾಗ ಕಂಬಳಿಗೆ ಕೂಗು ಹಾಕಿದವರು ನಮ್ಮಲ್ಲಿ ಇಬ್ಬರಿದ್ದಾರೆ. ನಾನು ಅಜ್ಜಿಯ ನಿಲುವಂಗಿ ತೊಡುತ್ತೇನೆ.

ಸೊಂಟಕ್ಕೆ ಎಪ್ಪತ್ತು ವರ್ಷದ ಹಗ್ಗ. ಅದರ ಹೊರತುದಿ ಹಿಡಿಯುವವರು ಹಗ್ಗದ ಮಾಮ, ನಿವೃತ್ತಿಗೆ ಎರಡು ವರ್ಷ ಉಳಿದಿರುವ, ವರ್ಷವಿಡೀ ಶೀತ ಹಿಡಿದಿರುವ ಮನುಷ್ಯ. ಒಳಗೆ ಹೋದವಳನ್ನು ಅವರು ಇವತ್ತಿನ ಪ್ರಶ್ನೆಗಳನ್ನು ಕೇಳುತ್ತಲೇ ಇರಬೇಕು. ಇವತ್ತು ಯಾವ ವಾರ, ಬೆಳಿಗ್ಗೆ ಏನು ತಿಂದೆ, ಹೋದ ತಿಂಗಳು ಯಾವ ಹಲ್ಲು ಕೀಳಿಸಿದೆ. ಉತ್ತರ ತಪ್ಪಿದರೆ ಎಳೆಯಬೇಕು. ಯಾಕೆಂದರೆ ಒಳಗೆ ನಿಂತಷ್ಟು ಹೊತ್ತೂ ಮೈ ಹಿಂದಕ್ಕೆ ಹೋಗುತ್ತಿರುತ್ತದೆ. ಮೊದಲು ನರೆ ಹೋಗುತ್ತದೆ, ಆಮೇಲೆ ಮಂಡಿನೋವು, ಆಮೇಲೆ ಇತ್ತೀಚಿನ ನೆನಪುಗಳು. ಬೇಗ ಹೊರಬಂದರೆ ಕೆಲವು ದಿನಗಳಲ್ಲಿ ಎಲ್ಲ ಮರಳುತ್ತದೆ. ಆದರೆ ಆ ಗಳಿಗೆಯಲ್ಲಿ ನಮಗೆಷ್ಟು ವಯಸ್ಸಿತ್ತೋ ಅಲ್ಲಿಗೆ ಇಳಿದುಬಿಟ್ಟರೆ, ಹೊರಗೊಂದು ಇವತ್ತು ಇದೆ ಎಂಬುದೇ ಮರೆತುಹೋಗುತ್ತದೆ.

ಅಣ್ಣನ ಸೊಸೆ ಒಂದು ಬೆಳಿಗ್ಗೆ ಮಗುವನ್ನು ಸೊಂಟದ ಮೇಲೆ ಕೂರಿಸಿಕೊಂಡು ಕಚೇರಿಗೆ ಬಂದಳು. ಗಟ್ಟಿ ಹೆಂಗಸು, ಸುಮ್ಮಸುಮ್ಮನೆ ಗಾಬರಿಯಾಗುವವಳಲ್ಲ.

“ಅತ್ತೆ, ಮಾವ ನಿನ್ನೆ ಮಗು ಕಡೆ ಕೈ ತೋರಿಸಿ ‘ಇದು ಯಾರ ಮಗು?’ ಅಂದ್ರು.”

“ನೀನೇನಂದೆ?”

“ನಿಮ್ಮ ಮೊಮ್ಮಗಳು ಅಂದೆ. ತಮಾಷೆ ಅಂದ್ಕೊಂಡು ನಕ್ಕರು.” ಮಗುವನ್ನು ಇನ್ನೊಂದು ಸೊಂಟಕ್ಕೆ ಬದಲಾಯಿಸಿಕೊಂಡಳು. “ಅಂಗಡೀಲಿ ಬೆಕ್ಕು ಮರಿ ಹಾಕಿತ್ತು, ನಾಲ್ಕು. ಈಗ ತಾಯೀನೂ ಇಲ್ಲ, ಮರೀನೂ ಇಲ್ಲ. ಹೋದ ವರ್ಷ ಹಾಸಿದ ನೆಲದ ಕಲ್ಲು ರಟ್ಟಿನ ಕಪಾಟಿನ ಹತ್ರ ಕಾಣೆಯಾಗಿದೆ. ಅಲ್ಲಿ ಹಳೇ ಮಣ್ಣಿನ ನೆಲ ಇದೆ.”

ಆ ಕಪ್ಪು ಕೂದಲು, ಆ ಕೋಟು ಎರಡೂ ಆಗ ಅರ್ಥವಾದವು. ಮಗುವನ್ನೂ ಗಂಡನನ್ನೂ ಕರೆದುಕೊಂಡು ನೇರ ತವರಿಗೆ ಹೋಗು, ಬಟ್ಟೆಗೂ ಮನೆಗೆ ಹೋಗಬೇಡ ಅಂತ ಹೇಳಿ, ಹಗ್ಗದ ಮಾಮನನ್ನು ಎಬ್ಬಿಸಿಕೊಂಡು ಹೊರಟೆ.

ನಮ್ಮದು ಬೈಂಡಿಂಗ್ ಅಂಗಡಿ. ಕೆಳಗೆ ಉದ್ದನೆಯ ಕೋಣೆ, ಮೇಲೆ ಮನೆ. ಅಪ್ಪ ಬೇಗ ಹೋದದ್ದರಿಂದ ಅದನ್ನು ನಡೆಸಿದವಳು ಅಮ್ಮ. ಊರಿನ ಕಚೇರಿಗಳ ದಪ್ಪ ದಪ್ಪ ರಿಜಿಸ್ಟರುಗಳೆಲ್ಲ ಅವಳ ಕೈಯಲ್ಲೇ ಆಗಬೇಕಿತ್ತು. ಆ ಕೋಣೆಯ ವಾಸನೆ ಈಗಲೂ ನನ್ನನ್ನು ಬಾಗಿಲಲ್ಲೇ ಹಿಡಿದು ನಿಲ್ಲಿಸುತ್ತದೆ: ಕುದಿಸಿದ ಅಂಟು, ಹೊಸ ರಟ್ಟು, ದಾರಕ್ಕೆ ಸವರುವ ಮೇಣ. ಅಮ್ಮ ಸೂಜಿಯನ್ನು ತುಟಿಯ ಮೂಲೆಯಲ್ಲಿ ಕಚ್ಚಿಕೊಂಡೇ ಮಾತಾಡುತ್ತಿದ್ದಳು, ನಗುತ್ತಿದ್ದಳು, ಬೈಯುತ್ತಿದ್ದಳು. ಸೂಜಿ ಒಮ್ಮೆಯೂ ಬಿದ್ದದ್ದಿಲ್ಲ. ಮಧ್ಯಾಹ್ನ ಮೇಲೆ ಹತ್ತಿ ಇಳಿಯುವಷ್ಟು ಪುರುಸೊತ್ತಿಲ್ಲದೆ ರಟ್ಟಿನ ರಾಶಿಯನ್ನು ಮೊಣಕೈಯಿಂದ ಆಚೆ ಸರಿಸಿ, ಅದೇ ಮೇಜಿನ ಮೇಲೆ ಮೂರು ತಟ್ಟೆ ಇಡುತ್ತಿದ್ದಳು. ಅನ್ನದಲ್ಲಿ ಕಾಗದದ ಚೂರು ಸಿಕ್ಕರೆ ‘ತಿನ್ನು, ಅಕ್ಷರ ಹತ್ತುತ್ತೆ’ ಅನ್ನುತ್ತಿದ್ದಳು. ಆ ಮೇಜಿನಷ್ಟು ರುಚಿಯಾಗಿ ನಾನು ಎಲ್ಲೂ ಉಂಡಿಲ್ಲ. ಅವಳು ಹೋದ ಮೇಲೆ ಆ ಮೂಲೆಯನ್ನು ನೋಡಲಾಗದೆ ನಾವಿಬ್ಬರೂ ಸೇರಿ ಅದಕ್ಕೆ ಅಡ್ಡಲಾಗಿ ರಟ್ಟಿನ ಕಪಾಟು ನಿಲ್ಲಿಸಿದ್ದೆವು.

ಈಗ ಕಪಾಟು ಪಕ್ಕಕ್ಕೆ ಸರಿದಿತ್ತು. ಅದರ ಎದುರು ಸ್ಟೂಲಿನ ಮೇಲೆ ಅಣ್ಣ ಕೂತಿದ್ದ. ನೋಡಲು ಮೂವತ್ತರವನ ಹಾಗಿದ್ದ. ಕನ್ನಡಕ ಇರಲಿಲ್ಲ.

“ಎಷ್ಟು ದಿನದಿಂದ?” ಅಂದೆ.

“ಆರು ತಿಂಗಳು. ಕಪಾಟಿನ ಕಾಲಿಗೆ ಗೆದ್ದಲು ಹಿಡಿದಿತ್ತು, ಸರಿಸಿದೆ. ಹಿಂದೆ ಇದು ಇತ್ತು.”

“ದಿನಾ ಹೋಗ್ತಿದ್ದೀಯಾ?”

“ದಿನಾ. ಮಧ್ಯಾಹ್ನ ಸ್ವಲ್ಪ ಹೊತ್ತು.”

“ಒಳಗೆ ಯಾರಿದಾರೆ?” ಅಂತ ಕೇಳುವಾಗಲೇ ನನಗೆ ಗೊತ್ತಿತ್ತು.

“ಅಮ್ಮ,” ಅಂದ. ನಂತರ, ಕೇಳದಿದ್ದರೂ ಹೇಳಿದ: “ಅವಳಿಗೆ ನಾನು ಕಾಣಲ್ಲ. ಆ ಹೊತ್ತಲ್ಲಿ ನಾನು ಮನೇಲಿರ್ಲಿಲ್ಲ, ರಟ್ಟು ತರೋಕೆ ಗಿರಣಿಗೆ ಹೋಗಿದ್ದೆ. ಎದುರಿಗೇ ಕೂತಿರ್ತೀನಿ, ನನ್ನ ಮೂಲಕ ಬಾಗಿಲು ನೋಡ್ತಾಳೆ. ಪರವಾಗಿಲ್ಲ. ಹೊಲಿಯೋದನ್ನ ನೋಡ್ತಾ ಕೂತಿರ್ತೀನಿ, ಅಷ್ಟೇ.”

ಆರು ತಿಂಗಳು ಅಮ್ಮನನ್ನು ಒಬ್ಬನೇ ಇಟ್ಟುಕೊಂಡಿದ್ದ. ವಾರಕ್ಕೊಮ್ಮೆ ನಾನು ಬಂದು, ಅವನ ಎದುರಿಗೇ ಕೂತು, ಕೂದಲಿನ ವಿಷಯಕ್ಕೆ ಹಾಸ್ಯ ಮಾಡಿ ಹೋಗುತ್ತಿದ್ದೆ.

“ನಂಗೆ ಯಾಕೆ ಹೇಳ್ಲಿಲ್ಲ?”

“ಹೇಳಿದ್ರೆ ಮುಚ್ತಿದ್ದೆ. ನಿನ್ನ ಕೆಲಸಾನೇ ಅದು.”

“ಯಾರನ್ನ ಕೇಳ್ತಿದಾಳೆ?” ಅಂದೆ.

“ನಿನ್ನನ್ನ.”

“ಏನಂತ?”

“ಕೋಪ ಇಳೀತಾ ಅಂತ.”

ಕೇಳಿದ ಕೂಡಲೇ ಅದು ಯಾವ ಮಧ್ಯಾಹ್ನ ಅಂತ ತಿಳಿಯಿತು.

ನನಗಾಗ ಹತ್ತು ವರ್ಷ. ಒಂದು ಚಳಿಗಾಲವಿಡೀ ಊರಿನ ನಾಯಿಗಳ ಚಿತ್ರ ಬರೆದಿದ್ದೆ, ನಲವತ್ತಮೂರು ನಾಯಿ, ಪ್ರತಿಯೊಂದಕ್ಕೂ ನಾನೇ ಇಟ್ಟ ಹೆಸರು. ಮಾಂಸದಂಗಡಿಯ ಮೂರು ಕಾಲಿನ ಕಂದು ನಾಯಿಗೆ ಎರಡು ದಿನ ಹಿಡಿದಿತ್ತು. ಹಾಳೆಗಳನ್ನು ಅಮ್ಮನ ಮೇಜಿನ ಮೇಲೆ ಇಟ್ಟು ಬಣ್ಣ ಒಣಗಲಿ ಅಂತ ಶಾಲೆಗೆ ಹೋದೆ. ರಿಜಿಸ್ಟರಿನ ಬೆನ್ನಿಗೆ ಒಳಗಡೆ ರದ್ದಿ ಕಾಗದ ಅಂಟಿಸಿ ಗಟ್ಟಿ ಮಾಡುವುದು ಬೈಂಡಿಂಗಿನವರ ಪದ್ಧತಿ. ತೆರಿಗೆ ಕಚೇರಿಯ ಕೆಲಸ ಅವಸರದ್ದು, ಅಮ್ಮ ಮಗ್ಗುಲಲ್ಲಿದ್ದ ಹಾಳೆಗಳಿಗೆ ಕೈ ಹಾಕಿದ್ದಳು. ನಾನು ಬಂದು ನೋಡುವಾಗ ನನ್ನ ನಾಯಿಗಳು ಪಟ್ಟಿ ಪಟ್ಟಿಯಾಗಿ ಹನ್ನೆರಡು ರಿಜಿಸ್ಟರುಗಳ ಬೆನ್ನಿಗೆ ಅಂಟಿಕೊಂಡಿದ್ದವು. ಕಿರುಚಿದೆ, ಅತ್ತೆ, ಅಂಟಿನ ಪಾತ್ರೆಯನ್ನು ಒದ್ದೆ. ಅಮ್ಮ ತಪ್ಪಾಯ್ತು ಅಂದಳು. ಸ್ವಲ್ಪ ಹೊತ್ತು ಬಿಟ್ಟು, ಹೊಲಿಯುತ್ತಲೇ, ಬಾಗಿಲಲ್ಲಿ ನಿಂತಿದ್ದ ನನ್ನನ್ನು ಕೇಳಿದಳು. ನಾನು ಉತ್ತರ ಕೊಡದೆ ಬೀದಿಗೆ ಹೋದೆ.

ರಾತ್ರಿ ದೀಪ ಆರಿಸುವ ಮುಂಚೆ ‘ಬಾಕಿ ಇದೆಯಾ?’ ಅಂದಳು. ‘ಇಲ್ಲ’ ಅಂದೆ. ಅವಳಿಗೆ ಗೊತ್ತಿತ್ತು. ಮಗಳು ತಾನಾಗಿ ಹೇಳಲಿ ಅಂತ ಬಿಟ್ಟಿರಬೇಕು. ನಾಲ್ಕು ತಿಂಗಳಿಗೆ ಜ್ವರದಲ್ಲಿ ಹೋದಳು. ಮಂಚದ ಸುತ್ತ ಕೂತ ಚಿಕ್ಕಮ್ಮಂದಿರು, ದೊಡ್ಡಮ್ಮಂದಿರು ನನ್ನನ್ನೂ ಕೇಳಿದರು. ಅಷ್ಟು ಜನರೆದುರು ನಾಯಿಯ ಚಿತ್ರದ ವಿಷಯ ಹೇಳಲು ನಾಚಿಕೆಯಾಯಿತು. ‘ಏನೂ ಇಲ್ಲ’ ಅಂದೆ. ಅಂಥವಳು ಬೆಳೆದು ಊರಿನವರ ಉತ್ತರ ತೀರಿಸುವ ಕೆಲಸ ಹಿಡಿದಳು. ಹಗ್ಗದ ಮಾಮನಿಗೆ ಇದನ್ನು ಹೇಳಿದಾಗ ಅವರು ಮೂಗು ಒರೆಸಿಕೊಂಡು, “ಸೊಗಸಾಗಿದೆ,” ಅಂದರು.

ಕಚೇರಿಯಲ್ಲಿ ಎರಡು ನಿಯಮಗಳಿವೆ. ಸ್ವಂತ ಮನೆಯ ಗಳಿಗೆಗೆ ಹೋಗಕೂಡದು. ಯಾರನ್ನು ಕೇಳಿದ್ದೋ ಅವರು ಬದುಕಿದ್ದರೆ ಅವರೇ ಹೋಗತಕ್ಕದ್ದು. ಬರೆದವರು ಇವೆರಡನ್ನೂ ಬೇರೆ ಬೇರೆ ದಿನ ಬರೆದಿರಬೇಕು. ನಮಗೆ ಯೋಚಿಸಲು ಸಮಯವಿರಲಿಲ್ಲ. ಮಣ್ಣಿನ ನೆಲ ನಾವು ನೋಡುತ್ತಿದ್ದ ಹಾಗೆಯೇ ಒಂದು ಗೇಣು ಮುಂದೆ ಬಂತು. ಅಂಗಡಿಯ ಗೋಡೆಯಾಚೆ ಕೂಸುಗಳ ಶಾಲೆ. ಮಾಮ ಹೋಗಿ ಟೀಚರಮ್ಮನಿಗೆ ಹೇಳಿ ಬಂದರು. ಆಕೆ ಮಕ್ಕಳನ್ನು ಕೈ ಕೈ ಹಿಡಿಸಿ ಸಾಲಾಗಿ ಹೊರಡಿಸುತ್ತಿದ್ದಳು. ಆ ವಯಸ್ಸಿನವರ ಸಾಲು ಎಷ್ಟು ಬೇಗ ನಡೆಯುತ್ತದೆಂದು ಮಕ್ಕಳನ್ನು ಸಾಕಿದವರಿಗೆ ಗೊತ್ತು.

ನಿಲುವಂಗಿ ತೊಟ್ಟು, ಹಗ್ಗ ಬಿಗಿದುಕೊಂಡು, ಮೂಲೆಗೆ ಕಾಲಿಟ್ಟೆ.

ಬಿಸಿಲು. ಕಿಟಕಿಯಿಂದ ಮೇಜಿನವರೆಗೆ ಓರೆಯಾಗಿ ಬಿದ್ದ ಬಿಸಿಲು, ಅದರಲ್ಲಿ ಕಾಗದದ ಧೂಳು. ಅಮ್ಮ ಬೆನ್ನು ಬಾಗಿಸಿ ಕೂತಿದ್ದಳು. ಅವಳಿಗೆ ಮೂವತ್ತೇಳು ವರ್ಷ, ನನ್ನ ದೊಡ್ಡ ಮಗಳಿಗಿಂತ ಹತ್ತು ವರ್ಷ ಹೆಚ್ಚು, ಅಷ್ಟೆ. ಇಷ್ಟು ಚಿಕ್ಕವಳಾಗಿದ್ದಳೆಂದು ನನಗೆ ನೆನಪೇ ಇರಲಿಲ್ಲ. ಕತ್ತಿನ ಹಿಂದೆ ಜಡೆಯಿಂದ ತಪ್ಪಿಸಿಕೊಂಡ ಕೂದಲು ಬೆವರಿಗೆ ಅಂಟಿತ್ತು. ಹೆಬ್ಬೆರಳನ್ನು ನಾಲಗೆಗೆ ಮುಟ್ಟಿಸಿ ಹಾಳೆ ತಿರುವಿದಳು. ಆ ಒಂದು ಚಲನೆ ನೋಡಿ, ಅಣ್ಣ ಆರು ತಿಂಗಳು ಯಾಕೆ ಬಂದನೆಂದು ಆಗ ತಿಳಿಯಿತು. ನಾನಾಗಿದ್ದರೆ ಎರಡನೇ ದಿನವೇ ಮನೆಗೆ ಮರಳುತ್ತಿರಲಿಲ್ಲ.

“ಇವತ್ತು ಯಾವ ವಾರ?” ಹೊರಗಿನಿಂದ ಮಾಮನ ಧ್ವನಿ.

“ಗುರುವಾರ.”

“ನಿಂಗೆಷ್ಟು ಮಕ್ಕಳು?”

“ಇಬ್ಬರು.”

ಅಮ್ಮ ತಲೆಯೆತ್ತಿ ನನ್ನನ್ನು ನೋಡಿದಳು. ಅಣ್ಣನ ಮೂಲಕ ನೋಡಿದ ಹಾಗಲ್ಲ, ನನ್ನನ್ನೇ. ಸೂಜಿ ತುಟಿಯ ಮೂಲೆಯಲ್ಲಿತ್ತು.

“ಕೋಪ ಇಳೀತೇನೇ?”

ನಾನು ಇಪ್ಪತ್ತೆಂಟು ವರ್ಷದ ಅಭ್ಯಾಸದ ಧ್ವನಿಯಲ್ಲಿ, “ಇಳೀತಮ್ಮ, ಆವಾಗ್ಲೇ ಇಳೀತು,” ಅಂದೆ.

ನನ್ನ ಕೆಲಸದಲ್ಲಿ ಹತ್ತಕ್ಕೆ ಒಂಬತ್ತು ಗಳಿಗೆಗಳು ಮೆತ್ತಗಿನ ಉತ್ತರಕ್ಕೇ ಹೋಗುತ್ತವೆ. ಸತ್ತ ಗಂಡನ ಪರವಾಗಿ ‘ಪ್ರೀತಿ ಇತ್ತು’ ಅನ್ನುತ್ತೇನೆ,  ಓಡಿಹೋದ ಮಗನ ಪರವಾಗಿ ‘ಬರ್ತೀನಿ’ ಅನ್ನುತ್ತೇನೆ. ಪರರ ಪರವಾಗಿ ಹೇಳಿದ್ದು ನಡೆಯುತ್ತದೆ. ತನ್ನನ್ನೇ ಕೇಳಿದ್ದಕ್ಕೆ ಮಾತ್ರ ನಿಜವನ್ನೇ ಹೇಳಬೇಕು. ನಾನು ಸುಳ್ಳು ಹೇಳಿದೆನೆಂದು ನನಗೆ ಗೊತ್ತಿರಲಿಲ್ಲ. ಐವತ್ತೊಂದರ ಹೆಂಗಸಿಗೆ ನಾಯಿ ಚಿತ್ರದ ಕೋಪ ಇರಬಹುದೆಂದು ಕನಸಿನಲ್ಲೂ ಅಂದುಕೊಂಡಿರಲಿಲ್ಲ.

ಗಳಿಗೆ ಕದಲಲಿಲ್ಲ. ಅಮ್ಮ ಮತ್ತೆ ಬಗ್ಗಿ ಅದೇ ಹೊಲಿಗೆ ಹಾಕಿದಳು, ಅದೇ ಹಾಳೆ ತಿರುವಿದಳು.

“ಅಂಚು ಹಾರ್ತು!” ಮಾಮ ಕೂಗಿದರು. “ನನ್ನ ಕಾಲ ಹತ್ರ ಬಂತು. ಗೋಡೆ ಆಚೆ ಇನ್ನೂ ಒಂಬತ್ತು ಮಕ್ಕಳಿದಾರೆ, ಬೇಗ.”

ನಿಲುವಂಗಿಯ ತೋಳು ಬೆರಳಿನವರೆಗೆ ಇಳಿದಿತ್ತು. ಮಂಡಿ ನೋಯುತ್ತಿರಲಿಲ್ಲ. ಜಡೆ ಮುಂದಕ್ಕೆ ಬಿದ್ದಿತ್ತು, ಕಪ್ಪಗೆ, ದಪ್ಪಗೆ. ಇನ್ನೊಂದು ಸಾರಿ ಹೇಳಿದೆ, “ಇಳೀತು ಅಂದ್ನಲ್ಲಮ್ಮ.” ನನ್ನ ಧ್ವನಿಯೇ ತೆಳ್ಳಗಾಗಿತ್ತು. ಗಳಿಗೆ ಹಾಗೇ ಇತ್ತು.

“ನಿಂಗೆಷ್ಟು ಮಕ್ಕಳು?” ಅಂದರು ಮಾಮ.

“ಯಾರಿಗೆ?”

“ನಿಂಗೆ ಕಣಮ್ಮ, ನಿಂಗೇ!” ಅಂದವರೇ ಎಳೆದರು. ಹಗ್ಗ ಸೊಂಟದಿಂದ ಜಾರಿ, ತೊಡೆಯಿಂದ ಜಾರಿ, ಕಾಲಿನ ಸುತ್ತ ಬಿತ್ತು. ಹೊರಗೆ ಅಣ್ಣ ನನ್ನನ್ನು ಕೂಗುತ್ತಿದ್ದ. ಯಾವ ಅಣ್ಣ, ಅವನು ಗಿರಣಿಗೆ ಹೋಗಿದ್ದಾನಲ್ಲ ಅನ್ನಿಸಿತು. ಬಾಗಿ ಹಗ್ಗವನ್ನು ಕೈಗೆ ಸುತ್ತಿಕೊಂಡೆ. ಯಾಕೆ ಸುತ್ತಿಕೊಳ್ಳುತ್ತಿದ್ದೇನೆಂದು ಮರೆಯುತ್ತಾ ಬಂದಿತ್ತು. ಬಾಗಿದಾಗ ಮೇಜಿನ ಅಂಚಿನ ರಿಜಿಸ್ಟರು ಕಣ್ಣಿಗೆ ಬಿತ್ತು. ಅದರ ಬೆನ್ನಿನ ಮೇಲೆ, ಅಂಟಿನ ಕೆಳಗೆ, ಮಾಂಸದಂಗಡಿಯ ಕಂದು ನಾಯಿಯ ಅರ್ಧ ಮುಖ.

ಅದು ನನ್ನ ಎದೆಗೆ ಬಂದು ಬಡಿದ ಪರಿಯನ್ನು ಹೇಳಲಾರೆ. ಎರಡು ದಿನ ಕೂತು ಬರೆದ ನಾಯಿ. ಕೇಳಿದ್ದರೆ ಬೇರೆ ಕಾಗದ ಕೊಡುತ್ತಿದ್ದೆ. ಒಂದು ಮಾತು ಕೇಳಲಿಲ್ಲ. ಆಮೇಲೆ ಜ್ವರ ಬಂದಾಗಲೂ ‘ಹೋಗ್ಲಾ?’ ಅಂತ ಒಂದು ಮಾತು ಕೇಳದೆ ಹೋದಳು. ನನ್ನ ಮದುವೆಗೆ ಬರಲಿಲ್ಲ, ಹೆರಿಗೆಗೆ ಬರಲಿಲ್ಲ. ನಲವತ್ತೊಂದು ವರ್ಷ ನಾನು ನೆನಪುಗಳನ್ನು ಒಪ್ಪವಾಗಿ ಮಡಿಸಿಟ್ಟುಕೊಂಡು ಅಮ್ಮನನ್ನು ಒಳ್ಳೆಯವಳು ಒಳ್ಳೆಯವಳು ಅಂತ ಹೇಳಿಕೊಂಡು ತಿರುಗಿದ್ದೆ. ಕೆಳಗಡೆ ಇದು ಇತ್ತು, ಒಂದು ಚೂರೂ ಸವೆಯದೆ.

“ಕೋಪ ಇಳೀತೇನೇ?”

“ಇಲ್ಲ,” ಅಂದೆ. “ಇಳಿದಿಲ್ಲ. ನನ್ನ ನಾಯಿಗಳದ್ದೂ ಇಳಿದಿಲ್ಲ, ನೀನು ಬಿಟ್ಟು ಹೋಗಿದ್ದೂ ಇಳಿದಿಲ್ಲ. ಇನ್ನೂ ಅಷ್ಟೇ ಇದೆ.” ಆಮೇಲೆ ಜೋರಾಗಿ ಅತ್ತೆ.

ಅಮ್ಮನ ಕೈ ನಿಂತಿತು. ಕಿಟಕಿಯ ಬಿಸಿಲು ಮೇಜಿನ ಮೇಲೆ ಒಂದು ಬೆರಳಿನಷ್ಟು ಸರಿಯಿತು. ಅವಳು ಸೂಜಿಯನ್ನು ತುಟಿಯಿಂದ ತೆಗೆದು ದಾರದ ಉಂಡೆಗೆ ಚುಚ್ಚಿದಳು. ಹಾಗೆ ತೆಗೆದು ಮಾತಾಡಿದ್ದನ್ನು ನಾನು ನೋಡಿದ್ದು ಅದೊಂದೇ ಸಲ.

“ಇದ್ರೆ ಇರ್ಲಿ ಬಿಡು,” ಅಂದಳು. “ನಿಂಗೆ ಸಾಕಾದಾಗ ಇಳಿಸು. ಕೋಪ ಇದೆ ಅಂತ ಹೊಟ್ಟೆಗೆ ಉಪವಾಸ ಹಾಕ್ಬೇಡ. ಅಣ್ಣ ಇಷ್ಟೊತ್ತಿಗೆ ಬಂದಿರ್ತಾನೆ. ಹೋಗಿ ಅವನನ್ನ ಕರ್ಕೊಂಡು ಬಾ, ಮೂರೂ ಜನ ಊಟ ಮಾಡೋಣ.”

ಕೈಗೆ ಸುತ್ತಿದ ಹಗ್ಗ ಎಳೆಯಿತು. ಮಾಮ ಹೊರಗೆ ಎಣಿಸತೊಡಗಿದ್ದರು. ಇಪ್ಪತ್ತೆರಡು, ಇಪ್ಪತ್ತಮೂರು. ನಾನು ಹಿಂದೆ ನೋಡುತ್ತಲೇ ನಡೆದೆ. ಅಮ್ಮ ರಟ್ಟಿನ ರಾಶಿಯನ್ನು ಮೊಣಕೈಯಿಂದ ಸರಿಸುತ್ತಿದ್ದಳು.

ಹೊರಗೆ ಬಂದಾಗ ಮೂವತ್ತೊಂಬತ್ತು. ನಾನು ಅಣ್ಣನ ಎದೆಯವರೆಗೂ ಬರುತ್ತಿರಲಿಲ್ಲ, ಹನ್ನೆರಡರ ಹುಡುಗಿಯಷ್ಟಿದ್ದೆ. ಅಣ್ಣ ಅಂಚಿನ ಮೇಲೇ ನಿಂತಿದ್ದ. ಅವನಿಗೆ ಅವಳ ಮಾತು ಹೊರಗೆ ಕೇಳಿಸಿರಲಿಲ್ಲ, ಕಾಣಿಸುತ್ತಿತ್ತಷ್ಟೆ. ಅಮ್ಮ ಒಂದು ತಟ್ಟೆ ಇಟ್ಟಳು, ಎರಡನೆಯದು ಇಟ್ಟಳು, ಮೂರನೆಯದನ್ನು ಸೆರಗಿನಿಂದ ಒರೆಸಿ ಇಟ್ಟಳು. ಆಮೇಲೆ ಬಾಗಿಲ ಕಡೆ ನೋಡಿದಳು.

“ಏನಂದ್ಳು?” ಅಂತ ಕೇಳಿದ ಅಣ್ಣ.

ನಲವತ್ತಾರು. ನನಗೆ ಗೊತ್ತಿತ್ತು. ಹೇಳಿದರೆ ಅವನು ಹೋಗುತ್ತಾನೆ. ಆರು ತಿಂಗಳು ಅವಳ ಕಣ್ಣಿಗೆ ಬೀಳದೆ ಕೂತವನು, ಅವಳೇ ಊಟಕ್ಕೆ ಕರೆದಿದ್ದಾಳೆಂದು ತಿಳಿದರೆ ನಿಲ್ಲುವುದಿಲ್ಲ. ಅವನ ಮಣಿಕಟ್ಟನ್ನು ಎರಡೂ ಕೈಯಿಂದ ಹಿಡಿದೆ. ಆ ಪುಟ್ಟ ಕೈಗಳನ್ನು ಅವನು ಒಂದು ಒದರಿಗೆ ಬಿಡಿಸಿಕೊಳ್ಳಬಹುದಿತ್ತು.

“ಏನಂದ್ಳು ಹೇಳೇ?”

ನಾನು ಬಾಯಿ ಬಿಡಲಿಲ್ಲ. ಐವತ್ತೆಂಟು. ಅವನು ನನ್ನ ಮುಖ ನೋಡುತ್ತಾ ನಿಂತ. ನಮ್ಮೂರಿನವರು ಒಂದು ಮಾತು ಕೇಳಿದ ಮೇಲೆ ಉತ್ತರ ಸಿಗುವವರೆಗೆ ಆ ಜಾಗ ಬಿಟ್ಟು ಕದಲುವುದಿಲ್ಲ. ಹುಟ್ಟಿದಾರಭ್ಯ ರಕ್ತಕ್ಕೆ ಇಳಿದದ್ದು ಅದು. ಅವನನ್ನು ಹಿಡಿದು ನಿಲ್ಲಿಸಿದ್ದು ನನ್ನ ಕೈಯಲ್ಲ, ನಾನು ಕೊಡದ ಉತ್ತರ. ಎಪ್ಪತ್ತು. ಅವನ ಕಣ್ಣು ತುಂಬಿತ್ತು. ಎಂಬತ್ತು. ಅಮ್ಮ ಇನ್ನೂ ಬಾಗಿಲ ಕಡೆ ನೋಡುತ್ತಿದ್ದಳು. ತೊಂಬತ್ತರ ಹೊತ್ತಿಗೆ ಒಂದು ತಟ್ಟೆಯ ಮೇಲೆ ನೊಣ ಕೂರದಿರಲಿ ಅಂತ ಇನ್ನೊಂದನ್ನು ಬೋರಲು ಹಾಕಿದಳು.

ನೂರು ಅಂದರು ಮಾಮ. ಮೂಲೆಯಲ್ಲಿ ಗೋಡೆ ಇತ್ತು. ಗೋಡೆಗೆ ನಲವತ್ತೊಂದು ವರ್ಷದ ಜೇಡರ ಬಲೆ. ಆಚೆ ಬೀದಿಯಿಂದ ಟೀಚರಮ್ಮ ಮಕ್ಕಳನ್ನು ಎಣಿಸುವುದು ಕೇಳಿಸಿತು. ಎಲ್ಲರೂ ಇದ್ದರು.

“ಅಣ್ಣ ಬಂದಿರ್ತಾನೆ, ಕರ್ಕೊಂಡು ಬಾ, ಮೂರೂ ಜನ ಊಟ ಮಾಡೋಣ ಅಂದ್ಳು,” ಅಂದೆ.

ಅಣ್ಣ ಸ್ಟೂಲನ್ನು ಎಳೆದು, ಗೋಡೆಗೆ ಮುಖ ಮಾಡಿ ಕೂತ.

“ಮೊದ್ಲೇ ಹೇಳ್ಬಹುದಿತ್ತು,” ಅಂದ.

“ಹೇಳಿದ್ರೆ ಹೋಗ್ತಿದ್ದೆ.”

“ಹೋಗ್ತಿದ್ದೆ,” ಅಂದ.

ಹಗ್ಗದ ಮಾಮ ನನ್ನನ್ನು ಮನೆಗೆ ಕರೆದುಕೊಂಡು ಹೋದರು. ಬಾಗಿಲು ತೆರೆದ ನನ್ನ ಮಗ, “ಯಾರು ಬೇಕಿತ್ತು ಪುಟ್ಟಿ?” ಅಂದ. “ನೀನೇ ಬೇಕಿತ್ತು, ನಾನು ನಿಮ್ಮಮ್ಮ, ಹಾಸಿಗೆ ಹಾಸು,” ಅಂದೆ. ಮೂರು ವಾರಕ್ಕೆ ಮಂಡಿನೋವು ಮರಳಿತು, ಎಂದೂ ಇಲ್ಲದ ಹಾಗೆ ಅದನ್ನು ಸ್ವಾಗತಿಸಿದೆ. ಅಣ್ಣನಿಗೆ ನರೆ ಮರಳಲು ಚಳಿಗಾಲದವರೆಗೆ ಹಿಡಿಯಿತು. ಮೊಮ್ಮಗಳ ಹೆಸರು ಅದಕ್ಕೂ ಮುಂಚೆ ಒಂದು ದಿನ, ಅಂಟು ಕುದಿಸುತ್ತಿದ್ದಾಗ, ತಾನಾಗಿ ಬಾಯಿಗೆ ಬಂತಂತೆ. ಬೆಕ್ಕೂ ಮರಿಗಳೂ ಬರಲಿಲ್ಲ.

ನಾನು ಈಗಲೂ ವಾರಕ್ಕೊಮ್ಮೆ ಹೋಗುತ್ತೇನೆ. ಸೊಸೆ ಮೇಲೆ ಕರೆದರೂ ನಾವಿಬ್ಬರು ಅಂಗಡಿಯಲ್ಲೇ ಉಣ್ಣುತ್ತೇವೆ. ಅಣ್ಣ ಎಂದಿಗಿಂತ ಕಡಿಮೆ ಮಾತಾಡುತ್ತಾನೆ. ಕೇಳಿದ್ದಕ್ಕೆ ಉತ್ತರ ಕೊಡುತ್ತಾನೆ, ಅಷ್ಟೆ. ಹೋದ ವಾರ ಧೈರ್ಯ ಮಾಡಿ ಕೇಳಿದೆ.

“ನನ್ನ ಮೇಲಿನ ಕೋಪ ಇಳೀತಾ?”

“ಇಲ್ಲ,” ಅಂದ, ತಕ್ಷಣ. ಆಮೇಲೆ ರಟ್ಟಿನ ರಾಶಿಯನ್ನು ಆಚೆ ಸರಿಸಿ ನನ್ನ ತಟ್ಟೆಗೆ ಜಾಗ ಮಾಡಿದ.